ಹೋಗ್ಲಿಬಿಡಮ್ಮನ ರಾಜಿ

ನಮ್ಮ ಅತ್ತೆಯವರಿಗೆ ಕೋರ್ಟಿನಲ್ಲಿ ಒಂದು ಅಡ್ಡಹೆಸರಿದೆ, ಹೋಗ್ಲಿಬಿಡಮ್ಮ. ಇಟ್ಟವನು ಕೋರ್ಟು ಕ್ಯಾಂಟೀನಿನವನು. ಕಾರಿಡಾರಿನಲ್ಲಿ ಎರಡು ಕಡೆಯವರು ಕೈ ಕೈ ಮಿಲಾಯಿಸುವ ಹೊತ್ತಿಗೆ ಈ ವಕೀಲರಮ್ಮ ನಡುವೆ ನುಗ್ಗಿ, "ಹೋಗ್ಲಿ ಬಿಡಿ, ಹೋಗ್ಲಿ ಬಿಡಿ, ಬನ್ನಿ ಟೀ ಕುಡಿಯೋಣ" ಎಂದು ಇಬ್ಬರನ್ನೂ ಎಳೆದು ತಂದು ಅವನ ಬೆಂಚಿನ ಮೇಲೆ ಕೂರಿಸುತ್ತಿದ್ದರಂತೆ. ಅವನಿಗೆ ವ್ಯಾಪಾರವಾಯಿತು, ಇವರಿಗೆ ಹೆಸರಾಯಿತು. ಮನೆಯಲ್ಲಿ ಮಾತ್ರ ಈ ತಾಯಿ ಯಾವುದನ್ನೂ ಹೋಗಲಿ ಎಂದು ಬಿಟ್ಟವರಲ್ಲ. ನಾನು ಮದುವೆಯಾಗಿ ಬಂದ ಹೊಸತರಲ್ಲಿ ಹಾಲು ಉಕ್ಕಿಸಿದ್ದು ಇನ್ನೂ ಅವರ ಬಾಯಲ್ಲಿ ಹಸಿಯಾಗಿಯೇ ಇದೆ. ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ ಅನ್ನುತ್ತಾರೆ. ನಮ್ಮ ಮನೆಯಲ್ಲಿ ಎರಡು ಕಾಲವೂ ಅತ್ತೆಯದೇ.

ಅವರು ಹಿಡಿಯುವುದು ಚೆಕ್ ಬೌನ್ಸ್ ಕೇಸುಗಳನ್ನು ಮಾತ್ರ. ಸಾಲಕ್ಕೋ ಸಾಮಾನಿಗೋ ಒಬ್ಬ ಇನ್ನೊಬ್ಬನಿಗೆ ಚೆಕ್ ಬರೆದುಕೊಡುತ್ತಾನೆ, ಖಾತೆಯಲ್ಲಿ ದುಡ್ಡಿರುವುದಿಲ್ಲ, ಚೆಕ್ ವಾಪಸಾಗುತ್ತದೆ, ನೋಟಿಸು ಹೋಗುತ್ತದೆ, ಆಗಲೂ ಕೊಡದಿದ್ದರೆ ಕ್ರಿಮಿನಲ್ ಕೇಸು. ನಿನ್ನೆಯವರೆಗೆ ಭಾವ, ಚಡ್ಡಿ ದೋಸ್ತು, ಪಕ್ಕದಂಗಡಿಯ ಅಣ್ಣ ಆಗಿದ್ದವನು ಇವತ್ತು ಆರೋಪಿ. ಇನ್ನು ನಾನು ಬ್ಯಾಂಕಿನವಳು. ಚೆಕ್ಕಿಗೆ 'ಹಣ ಸಾಲದು' ಎಂಬ ಚೀಟಿ ಲಗತ್ತಿಸಿ ಹಿಂದಕ್ಕೆ ಕಳಿಸುವ ಮೇಜು ನನ್ನದೇ. ಹೆಂಡತಿ ಎಸೆದದ್ದನ್ನು ಅಮ್ಮ ಕ್ಯಾಚ್ ಹಿಡಿಯುತ್ತಾರೆ ಎಂದು ನನ್ನ ಗಂಡ ನೆಂಟರ ಮುಂದೆಲ್ಲ ತಮಾಷೆ ಮಾಡುತ್ತಾನೆ. ಅವನಿಗೇನು, ಇಬ್ಬರ ನಡುವೆ ಕೂತು ಊಟ ಮಾಡುವವನು.

ಅತ್ತೆಯ ಕಚೇರಿ ಎಂದರೆ ನಮ್ಮ ಮನೆಯ ಮುಂದಿನ ಕೋಣೆ. ಅಲ್ಲಿ ಒಂದು ಸೋಫಾ ಇದೆ. ಅದರ ನಟ್ಟನಡುವಿನ ಸ್ಪ್ರಿಂಗ್ ಯಾವ ಕಾಲಕ್ಕೋ ಕೂತುಹೋಗಿದೆ. ಜಗಳ ಆಡುವವರನ್ನು ಎದುರುಬದುರು ಕೂರಿಸಿದರೆ ಕಣ್ಣಿಗೆ ಕಣ್ಣು ಬಿದ್ದು ಸಿಟ್ಟು ನೆತ್ತಿಗೇರುತ್ತದೆ, ಅಕ್ಕಪಕ್ಕ ಕೂರಿಸಿ ಒಂದೇ ಕಡೆ ನೋಡುವಂತೆ ಮಾಡಬೇಕು ಎನ್ನುವುದು ಅತ್ತೆಯ ಶಾಸ್ತ್ರ. ಹಾಗಾಗಿ ಸಾಲ ಕೊಟ್ಟವರು ಸೋಫಾದ ಈ ತುದಿ, ತೆಗೆದುಕೊಂಡವರು ಆ ತುದಿ. ಮಾತು ಬೆಳೆದಂತೆ ಇಬ್ಬರೂ ತಮಗೆ ಅರಿವಿಲ್ಲದೆ ಹೊಂಡದ ಕಡೆಗೆ ಜಾರುತ್ತಾರೆ. ಟೀ ತೆಗೆದುಕೊಂಡು ಹೋಗುವಷ್ಟರಲ್ಲಿ ತೊಡೆಗೆ ತೊಡೆ ತಾಗಿರುತ್ತದೆ. ತೊಡೆ ತಾಗಿಸಿಕೊಂಡು ಎಷ್ಟು ಹೊತ್ತು ಅಂತ ಬೈದಾಡಲು ಸಾಧ್ಯ?

ಆಮೇಲೆ ಅತ್ತೆ ಕೇಳುವ ಮೊದಲ ಪ್ರಶ್ನೆ ಯಾವಾಗಲೂ ಒಂದೇ. "ನಿಮ್ಮಿಬ್ಬರಿಗೂ ಪರಿಚಯ ಹೇಗಾಯ್ತು?" ಮೊತ್ತ ಎಷ್ಟು, ಬಡ್ಡಿ ಎಷ್ಟು ಎನ್ನುವುದು ಕೊನೆಗೆ. ಗುರುತಿಲ್ಲದವನಿಂದ ಯಾರೂ ಚೆಕ್ ಇಸಿದುಕೊಳ್ಳುವುದಿಲ್ಲ, ಪ್ರತಿ ಬೌನ್ಸಿನ ಹಿಂದೆ ಒಂದು ಕಾಲದ ಸಲುಗೆ ಇದ್ದೇ ಇರುತ್ತದೆ ಎಂದು ಅವರ ನಂಬಿಕೆ. ಪರಿಚಯದ ಕತೆ ಹೇಳುತ್ತ ಹೇಳುತ್ತ ಒಬ್ಬನಾದರೂ ನಕ್ಕೇ ನಗುತ್ತಾನೆ. ಅವನು ನಕ್ಕ ಗಳಿಗೆಯಲ್ಲಿ ಅತ್ತೆ ಕನ್ನಡಕ ಏರಿಸಿಕೊಂಡು, "ಸರಿ, ಈಗ ಲೆಕ್ಕಕ್ಕೆ ಬರೋಣ" ಎನ್ನುತ್ತಾರೆ.

ಇದರಿಂದ ಅವರಿಗೆ ನಷ್ಟವೇ. ಕೇಸು ಎಳೆದಷ್ಟೂ ವಕೀಲರಿಗೆ ಫೀಸು. ಮೊದಮೊದಲು ಅವರೂ ಎಳೆದವರೇ. ಒಮ್ಮೆ ಒಬ್ಬ ಔಷಧಿ ಅಂಗಡಿಯವರ ಪರವಾಗಿ ವಾದಿಸಿ ಗೆದ್ದರು, ಎದುರಿನವನಿಗೆ ಜೈಲಾಯಿತು. ಸ್ವಲ್ಪ ದಿನದ ಮೇಲೆ ಆ ಅಂಗಡಿಯವರೇ ಬಂದು ಸುಮ್ಮನೆ ಕೂತರಂತೆ. "ಗೆದ್ದಿದ್ದಕ್ಕೆ ಸಂತೋಷ ಮೇಡಂ. ಆದ್ರೆ ಸಂಜೆ ಅಂಗಡಿ ಮುಚ್ಚಿದ ಮೇಲೆ ನನ್ನ ಜೊತೆ ಕೂತು ಹರಟೆ ಹೊಡೀತಿದ್ದೋನು ಅವನೊಬ್ಬನೇ" ಎಂದರಂತೆ. ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂಬ ಗಾದೆಯನ್ನು ಅತ್ತೆ ಅವತ್ತಿನವರೆಗೆ ಬರೀ ಗಾದೆ ಅಂದುಕೊಂಡಿದ್ದರು.

ಈಗ ಬಡಗಿಯ ವಿಷಯಕ್ಕೆ ಬರುತ್ತೇನೆ. ಅತ್ತೆ ಎಂಥವರು ಎಂದು ನನಗೆ ಸರಿಯಾಗಿ ತಿಳಿದದ್ದು ಅವನ ಕೇಸಿನಲ್ಲಿ.

ಬಡಗಿ ನಡುವಯಸ್ಸು ದಾಟಿದ ಮನುಷ್ಯ, ಬಾಗಿಲು ಕಿಟಕಿ ಕುರ್ಚಿ ಮಾಡುವ ಸಣ್ಣ ಕಾರ್ಖಾನೆ ಇಟ್ಟುಕೊಂಡಿದ್ದ. ಕೆಲವು ವರ್ಷಗಳ ಹಿಂದೆ ಮರ ಕೊಯ್ಯುವ ಯಂತ್ರ ಕೊಳ್ಳಲು ಮೊಳೆ, ತಿರುಪು, ಬೀಗ ಮಾರುವ ಅಂಗಡಿಯವರೊಬ್ಬರ ಹತ್ತಿರ ಸಾಲ ಮಾಡಿದ್ದ. ಭದ್ರತೆಗೆಂದು ಬರೀ ಸಹಿ ಹಾಕಿದ ಖಾಲಿ ಚೆಕ್ ಕೊಟ್ಟಿದ್ದ. ಅಂಗಡಿಯವರು ತೀರಿಕೊಂಡರು. ಅವರ ಹೆಂಡತಿ ಕಾಗದ ಪತ್ರ ಜೋಡಿಸುವಾಗ ಆ ಚೆಕ್ ಸಿಕ್ಕಿತು. ಸಾಲ ಕೊಟ್ಟದ್ದು ಎಷ್ಟೆಂದು ಆಕೆಗೆ ಗೊತ್ತಿತ್ತು, ತೀರಿದ್ದು ಗೊತ್ತಿರಲಿಲ್ಲ. ತಮ್ಮ ಹೆಸರು, ಮೊತ್ತ, ತಾರೀಕು ತುಂಬಿ ಬ್ಯಾಂಕಿಗೆ ಹಾಕಿದರು. ಚೆಕ್ ವಾಪಸಾಯಿತು. ಹೌದು, ಆ ಚೀಟಿಗೆ ಸಹಿ ಹಾಕಿದವಳು ನಾನೇ. ಖಾತೆಯಲ್ಲಿ ದುಡ್ಡಿಲ್ಲ ಎಂದರೆ ಇಲ್ಲ, ಅದರಲ್ಲಿ ನನ್ನ ತಪ್ಪೇನಿದೆ.

ನೋಟಿಸು ಬಂದಾಗ ಬಡಗಿ ಬಾಯಿ ಬಿಡಲಿಲ್ಲ. ಕೋರ್ಟಿನಿಂದ ಸಮನ್ಸ್ ಬಂದ ಮೇಲೆ ನಮ್ಮ ಮನೆಗೆ ಬಂದ. ಬಂದವನು ಕೂರುವ ಮೊದಲೇ ಬಗ್ಗಿ ಸೋಫಾದ ಕೆಳಗೆ ಕೈ ಹಾಕಿ ನೋಡಿದ.

"ಪಟ್ಟಿ ಸಡಿಲ ಆಗಿದೆ ಅಮ್ಮ. ಹತ್ತು ನಿಮಿಷದ ಕೆಲಸ, ಸರಿ ಮಾಡಿಕೊಡ್ಲಾ?"

"ಮುಟ್ಟಿದ್ರೆ ನೋಡು," ಎಂದರು ಅತ್ತೆ. "ಅದು ನನ್ನ ಜೂನಿಯರು. ಕೂತ್ಕೋ, ವಿಷಯ ಹೇಳು."

"ಸಾಲ ತೀರಿಸಿದ್ದೀನಿ ಅಮ್ಮ."

"ಹೇಗೆ ತೀರಿಸಿದೆ? ರಸೀದಿ ಇದೆಯಾ?"

"ಇಲ್ಲ. ಹೇಗೆ ಅಂತ ಮಾತ್ರ ಕೇಳಬೇಡಿ."

"ತೀರಿಸಿದ ಮೇಲೆ ಚೆಕ್ ಯಾಕಯ್ಯಾ ವಾಪಸ್ ಇಸ್ಕೊಳ್ಳಲಿಲ್ಲ?"

ಅವನು ಅತ್ತೆಯನ್ನು ವಿಚಿತ್ರವಾಗಿ ನೋಡಿದ. "ಕೊಡಿ ಅಂತ ಕೇಳೋದು ಹೇಗಮ್ಮ? ನಿಮ್ಮ ಮೇಲೆ ನಂಬಿಕೆ ಇಲ್ಲ ಅಂತ ಮುಖದ ಮೇಲೆ ಹೇಳಿದ ಹಾಗಾಗಲ್ವಾ? ಅಣ್ಣ ಹರಿದು ಹಾಕಿರ್ತಾರೆ ಅಂದ್ಕೊಂಡೆ. ಅವರೂ ಮರೆತಿರಬೇಕು."

ವ್ಯಾಪಾರದ ಬೀದಿಯಲ್ಲಿ ಇದೊಂದು ರೋಗ. ಖಾಲಿ ಚೆಕ್ ಕೊಡಲು ನಾಚಿಕೆಯಿಲ್ಲ, ವಾಪಸ್ ಕೇಳಲು ಎಲ್ಲಿಲ್ಲದ ನಾಚಿಕೆ.

ಅವನು ಹೋದ ಮೇಲೆ ನಾನು ನನ್ನ ತೀರ್ಪು ಕೊಟ್ಟೆ. "ಸುಳ್ಳ. ಚೆಕ್ ಬೌನ್ಸ್ ಆದೋರೆಲ್ಲ ತೀರಿಸಿದ್ದೀನಿ ಅಂತಾನೇ ಹೇಳೋದು."

"ಸುಳ್ಳು ಹೇಳೋನಾಗಿದ್ರೆ ಹೇಗೆ ತೀರಿಸಿದೆ ಅಂತ ಊರುದ್ದ ಕತೆ ಕಟ್ತಿದ್ದ ಕಣೇ," ಎಂದರು ಅತ್ತೆ. "ಇವನ ಬಾಯಲ್ಲಿ ಬಿಸಿ ತುಪ್ಪ ಇದೆ. ನುಂಗೋಕೂ ಆಗ್ತಿಲ್ಲ, ಉಗುಳೋಕೂ ಆಗ್ತಿಲ್ಲ."

ತುಪ್ಪವೋ ಬೆಪ್ಪುತನವೋ, ದಿನ ಹತ್ತಿರ ಬರುತ್ತಿತ್ತು. ಚೆಕ್ಕಿನ ಮೇಲಿನ ಸಹಿ ತನ್ನದೇ ಎಂದು ಅವನು ಒಪ್ಪಿದ್ದ. ತೀರಿಸಿದ್ದಕ್ಕೆ ಸಾಕ್ಷಿಯಿಲ್ಲ. ತೀರ್ಪು ಬಂದರೆ ಒಂದೋ ಜೈಲು, ಇಲ್ಲವೇ ಮೊತ್ತದ ದುಪ್ಪಟ್ಟು ದಂಡ. ಎರಡರಲ್ಲಿ ಯಾವುದಾದರೂ ಕಾರ್ಖಾನೆಗೆ ಬೀಗ. ಬಡಗಿ ಆಗಲೇ ಮರ ಕೊಯ್ಯುವ ಯಂತ್ರ ಮಾರಲು ಗಿರಾಕಿ ಹುಡುಕುತ್ತಿದ್ದಾನೆ, ತೀರಿದ ಸಾಲವನ್ನು ಇನ್ನೊಮ್ಮೆ ತೀರಿಸುವ ಯೋಚನೆಯಲ್ಲಿದ್ದಾನೆ ಎಂದು ಅತ್ತೆಗೆ ಗೊತ್ತಾಯಿತು. ಆ ದಿನ ಅವರು ಸರಿಯಾಗಿ ಊಟ ಮಾಡಲಿಲ್ಲ. ಉಪ್ಪು ಕಡಿಮೆ ಎಂದು ನನ್ನ ಮೇಲೆ ಹಾಕಿದರು, ಅದು ಬೇರೆ ಮಾತು.

ರಾಜಿಗೆ ಕರೆಯೋಣವೆಂದರೆ ಅಂಗಡಿಯಮ್ಮ ಬರುವ ಸ್ಥಿತಿಯಲ್ಲಿರಲಿಲ್ಲ. ಬಚ್ಚಲಲ್ಲಿ ಜಾರಿ ಬಿದ್ದು ಕಾಲಿಗೆ ಪ್ಲಾಸ್ಟರ್ ಹಾಕಿಸಿಕೊಂಡು ಮಲಗಿದ್ದರು. ಅವರ ವಕೀಲರು ಒಳ್ಳೆಯವರು, "ನೀವೇ ಮನೆಗೆ ಹೋಗಿ ಮಾತಾಡಿ, ನನ್ನ ಅಭ್ಯಂತರ ಇಲ್ಲ" ಎಂದರು. ಒಂದು ಭಾನುವಾರ ಬೆಳಿಗ್ಗೆ ಅತ್ತೆಯನ್ನು ನನ್ನ ಸ್ಕೂಟರಿನ ಹಿಂದೆ ಕೂರಿಸಿಕೊಂಡು ಹೊರಟೆ. ದಾರಿಯುದ್ದಕ್ಕೂ ಅವರಿಗೆ ಒಂದೇ ಚಿಂತೆ.

"ಸೋಫಾ ಇಲ್ವಲ್ಲೇ."

"ಹೊತ್ಕೊಂಡು ಬರಬೇಕಿತ್ತಾ ಅತ್ತೆ?"

"ನಿನಗೆ ಎಲ್ಲಾ ತಮಾಷೆ."

ಅಂಗಡಿಯಮ್ಮನ ಮನೆ ಒಂದು ಓಣಿಯ ಕೊನೆಯಲ್ಲಿತ್ತು. ಮಲಗುವ ಕೋಣೆ ಚಿಕ್ಕದು, ಮಂಚವೊಂದು, ಅದರ ಎದುರಿಗೆ ಗೋಡೆ ತುಂಬ ಒಂದು ಮರದ ಬೀರು. ಬೀರುವಿನ ಒಂದು ಬಾಗಿಲಿಗೆ ಆಳೆತ್ತರದ ಕನ್ನಡಿ, ಕನ್ನಡಿಯ ಕೆಳಗೆ ಸಣ್ಣ ಖಾನೆಗಳು. ಆಕೆ ದಿಂಬಿಗೆ ಒರಗಿ ಕೂತಿದ್ದರು. ತಲೆ ನೀಟಾಗಿ ಬಾಚಿತ್ತು, ಮುಖ ಗಂಟಿಕ್ಕಿತ್ತು. ಬಡಗಿ ನಮಗಿಂತ ಮೊದಲೇ ಬಂದು ಹೊರಗೆ ಮೆಟ್ಟಿಲ ಹತ್ತಿರ ನಿಂತಿದ್ದ. ಒಳಗೆ ಬಂದು ಕೈ ಮುಗಿದ.

"ಹೇಗಿದ್ದೀರಿ ಅತ್ತಿಗೆ?"

"ಅತ್ತಿಗೆ ಅನ್ನಬೇಡ. ಅದೆಲ್ಲ ಅವರ ಜೊತೆಗೇ ಹೋಯ್ತು."

ಅತ್ತೆ ಕೋಣೆಯನ್ನು ಒಮ್ಮೆ ಅಳೆದು ನೋಡಿದರು. ಆಮೇಲೆ ಮೂಲೆಯಲ್ಲಿದ್ದ ಸ್ಟೂಲನ್ನು ತಾವೇ ಎಳೆದು ಮಂಚದ ತಲೆಯ ಪಕ್ಕ ಹಾಕಿ ಬಡಗಿಯನ್ನು ಕೂರಿಸಿದರು. ಸೋಫಾ ಇಲ್ಲದಿದ್ದರೆ ಶಾಸ್ತ್ರ ಬಿಟ್ಟೀತೇ. ಈಗ ಇಬ್ಬರೂ ಅಕ್ಕಪಕ್ಕ, ಇಬ್ಬರ ಮುಖವೂ ಒಂದೇ ಕಡೆಗೆ. ಆ ಕಡೆಗಿದ್ದದ್ದು ಬೀರು. ಬಡಗಿ ಅದನ್ನು ಒಮ್ಮೆ ನೋಡಿದವನು ತಲೆ ತಗ್ಗಿಸಿ ನೆಲ ನೋಡತೊಡಗಿದ. ನಾನದನ್ನು ಕಳ್ಳನ ಲಕ್ಷಣ ಎಂದುಕೊಂಡೆ.

"ಪರಿಚಯ ಹೇಗಾಯ್ತು ಇವರಿಗೂ ನಿಮ್ಮ ಯಜಮಾನರಿಗೂ?" ಎಂದು ಅತ್ತೆ ಶುರುಮಾಡಿದರು.

ಅಂಗಡಿಯಮ್ಮ ಮುಖ ತಿರುಗಿಸಿಕೊಂಡೇ ಹೇಳಿದರು. ಅಂಗಡಿ ಇಟ್ಟ ಹೊಸದರಲ್ಲಿ ಮೊದಲ ಗಿರಾಕಿ ಇವನಂತೆ. ಒಂದು ಮುಷ್ಟಿ ಮೊಳೆ ತೆಗೆದುಕೊಂಡು ಚಿಲ್ಲರೆ ಇಲ್ಲವೆಂದು ಸಾಲ ಹೇಳಿದನಂತೆ. ಮೊದಲ ಗಿರಾಕಿಯೇ ಸಾಲ ಎಂದು ಗಂಡ ಹೆಂಡತಿ ರಾತ್ರಿ ನಕ್ಕಿದ್ದರಂತೆ. ಅದನ್ನು ಹೇಳುವಾಗ ಆಕೆಯ ಬಾಯಿ ಒಂದು ಚೂರು ಸಡಿಲವಾಯಿತು. ಅತ್ತೆ ಕನ್ನಡಕಕ್ಕೆ ಕೈ ಹಾಕಿದರು. ಆದರೆ ಅಷ್ಟರಲ್ಲಿ ಆಕೆ ಮತ್ತೆ ಬಿಗಿಯಾದರು.

"ನನ್ನ ಬಳೆ ಮಾರಿ ಅಂಗಡಿ ಇಟ್ಟಿದ್ದು ಮೇಡಂ. ಅವತ್ತೇ ಅವರು ಒಂದು ಮಾತು ಹೇಳಿದ್ರು. 'ನಿನಗೆ ಅಂತ ಒಂದು ಸಾಮಾನು ತರೋ ದಿನ ಸಾಲದಲ್ಲಿ ತರಲ್ಲ, ಹಳೇದು ತರಲ್ಲ, ನಗದು ಎಣಿಸಿಕೊಟ್ಟು ತರ್ತೀನಿ' ಅಂತ. ಹೇಳಿದ ಹಾಗೇ ಈ ಬೀರು ತಂದ್ರು. ಪೇಟೆಯ ದೊಡ್ಡ ಅಂಗಡಿಯಿಂದ, ನಗದು ಕೊಟ್ಟು. ನಂಟರು ಬಂದಾಗೆಲ್ಲ ನಾನು ಮೊದಲು ತೋರಿಸ್ತಿದ್ದದ್ದು ಇದನ್ನೇ. ಅಂಥವರ ದುಡ್ಡು ತಿಂದು ಇವನು ತೀರಿಸಿದ್ದೀನಿ ಅಂತಾನಲ್ಲ, ಎಲ್ಲಿ ತೀರಿಸಿದ, ಯಾವಾಗ ತೀರಿಸಿದ? ಕೇಳಿ ನೀವೇ."

ಅತ್ತೆ ಬಡಗಿಯನ್ನು ನೋಡಿದರು. ಬಡಗಿ ನೆಲ ನೋಡಿದ.

"ಕೊಡ್ತೀನಿ ಅತ್ತಿಗೆ," ಎಂದ ಕೊನೆಗೆ. "ಮೆಷಿನ್ನಿಗೆ ಗಿರಾಕಿ ಸಿಕ್ಕಿದ್ದಾನೆ. ಪೂರ್ತಿ ಕೊಡ್ತೀನಿ. ಮಾತು ಬೇಡ."

ನನಗೆ ರೇಗಿತು. ತೀರಿಸಿದ್ದರೆ ತೀರಿಸಿದೆ ಎಂದು ಎದೆ ತಟ್ಟಿ ಹೇಳಬೇಕು, ಇಲ್ಲವೇ ಸುಳ್ಳು ಎಂದು ಒಪ್ಪಬೇಕು. ಇದೇನು ಅಡ್ಡಗೋಡೆಯ ಮೇಲೆ ದೀಪ ಇಟ್ಟ ಹಾಗೆ. ಬಾಯಿ ತೆರೆಯುವಷ್ಟರಲ್ಲಿ ಅತ್ತೆ ನನ್ನ ಕಾಲು ತುಳಿದರು.

ದುಡ್ಡು ಬರುತ್ತದೆ ಎಂದು ಕೇಳಿದ ಮೇಲೆ ಅಂಗಡಿಯಮ್ಮನ ಸಿಟ್ಟಿಗೆ ಹಿಡಿಯಲು ಏನೂ ಇಲ್ಲದ ಹಾಗಾಯಿತು. ಏನಾದರೂ ಮಾತಾಡಬೇಕೆಂದೋ ಏನೋ, ಬೀರುವಿನ ಕಡೆ ಕೈ ತೋರಿಸಿದರು.

"ಅವರು ಹೋದ ಮೇಲೆ ಅದೂ ನನ್ನ ಮಾತು ಕೇಳ್ತಿಲ್ಲ. ಕನ್ನಡಿ ಕೆಳಗಿನ ಆ ಖಾನೆ ತೆಗೆಯೋಕೇ ಬರಲ್ಲ. ಅವರೊಬ್ಬರಿಗೆ ಬರ್ತಿತ್ತು. ಮೊನ್ನೆ ಯಾರೋ ಬಡಗೀನ ಕರೆಸಿದ್ರೆ ಎಳೆದು ನೋಡಿ, ಇದು ಕಚ್ಚಿಕೊಂಡಿದೆ, ಉಳಿ ಹಾಕಿ ಒಡೀಬೇಕು ಅಂದ. ನಾಳೆ ಬರ್ತಾನೆ."

"ಒಡೆಯೋದಾ?" ಎಂದ ಬಡಗಿ.

ಅವನ ದನಿ ನಾನು ಮೊದಲ ಬಾರಿ ಜೋರಾಗಿ ಕೇಳಿದ್ದು ಆಗ. ಜೈಲಿನ ಮಾತಿಗೆ ಅಲುಗದವನು, ಯಂತ್ರ ಮಾರುವ ಮಾತನ್ನು ತಣ್ಣಗೆ ಆಡಿದವನು ಸ್ಟೂಲಿನಿಂದ ಎದ್ದುಬಿಟ್ಟ. "ಉಳಿ ಹಾಕೋಕೆ ಅದೇನು ಹಣ್ಣಿನ ಪೆಟ್ಟಿಗೆನಾ? ಯಾವನವನು?" ಎನ್ನುತ್ತಲೇ ಬೀರುವಿನ ಮುಂದೆ ಮಂಡಿಯೂರಿದ. ಖಾನೆಯ ಹಿಡಿ ಮುಟ್ಟಲಿಲ್ಲ. ಕೈಯನ್ನು ಬೀರುವಿನ ಅಡಿಗೆ ತೂರಿಸಿ, ನೋಡದೆಯೇ, ಕತ್ತಲಲ್ಲಿ ಮನೆಯ ಸ್ವಿಚ್ಚು ಹುಡುಕುವಂತೆ ಬೆರಳಾಡಿಸಿ ಏನನ್ನೋ ಒತ್ತಿದ. ಟಕ್ ಎಂದಿತು. ಖಾನೆ ತಾನಾಗಿಯೇ ಒಂದು ಬೆರಳು ಮುಂದೆ ಬಂತು.

"ಅಡೀಲಿ ಒಂದು ಮರದ ಗೂಟ ಇದೆ ಅತ್ತಿಗೆ," ಎಂದ, ಇನ್ನೂ ಆ ಇನ್ನೊಬ್ಬ ಬಡಗಿಯ ಮೇಲಿನ ಸಿಟ್ಟಿನಲ್ಲೇ. "ಎಡಗಡೆಗೆ ಒತ್ತಬೇಕು. ಎಳೆದ್ರೆ ಬರಲ್ಲ, ಎಳೆದ್ರೆ ಬರಬಾರದು ಅಂತಾನೇ..."

ಅಷ್ಟಕ್ಕೆ ಅವನಿಗೆ ತಾನೇನು ಮಾಡಿದೆ ಎಂದು ಗೊತ್ತಾಯಿತು. ಮಂಡಿಯೂರಿದವನು ಹಾಗೆಯೇ ಉಳಿದ. ಇಷ್ಟು ದಿನ ಬಾಯಿಗೆ ಹಾಕಿಕೊಂಡ ಬೀಗವನ್ನು ಅವನ ಕೈ ತೆಗೆದುಬಿಟ್ಟಿತ್ತು.

ಅಂಗಡಿಯಮ್ಮ ದಡ್ಡಿಯಲ್ಲ. ಬೀರುವನ್ನು ನೋಡಿದರು, ಅವನ ಬೆನ್ನನ್ನು ನೋಡಿದರು.

"ಪೇಟೆ ಅಂಗಡಿ ಬೀರುವಿನ ಗುಟ್ಟು ನಿನಗೆ ಹೇಗೆ ಗೊತ್ತು?"

ಅವನು ಖಾನೆಯ ಅಂಚನ್ನು ಬೆರಳಿನಿಂದ ಸವರಿದ.

"ನೀನೇ ಮಾಡಿದ್ದಾ?"

ಅತ್ತೆ ಮೆಲ್ಲಗೆ, "ಹೇಳಪ್ಪ. ಇನ್ನು ಮುಚ್ಚಿಟ್ಟು ಪ್ರಯೋಜನ ಇಲ್ಲ" ಎಂದರು.

ಬಡಗಿ ಬೀರುವಿನ ಕಡೆಗೇ ಮುಖ ಮಾಡಿ ಹೇಳಿದ. ಸಾಲ ತೀರಿಸಲು ದುಡ್ಡು ಕೂಡದೆ ಹೋದಾಗ ಅಂಗಡಿಯವರೇ ಒಂದು ದಾರಿ ಹೇಳಿದ್ದರು. ದುಡ್ಡು ಬೇಡ, ನನ್ನ ಹೆಂಡತಿಗೆ ಒಂದು ಬೀರು ಮಾಡಿಕೊಡು, ಲೆಕ್ಕ ಚುಕ್ತಾ ಎಂದಿದ್ದರು. ಅವನು ಒಳ್ಳೆಯ ಮರ ಆರಿಸಿ, ಬೇರೆ ಕೆಲಸವೆಲ್ಲ ಬದಿಗಿಟ್ಟು ಮಾಡಿದ್ದ. ಆದರೆ ಬಾರದ ಸಾಲಕ್ಕೆ ಬದಲಾಗಿ ಬಂದ ಸಾಮಾನು ಎಂದು ತಿಳಿದರೆ ಹೆಂಡತಿಗೆ ಅದು ಉಡುಗೊರೆ ಅನ್ನಿಸುವುದಿಲ್ಲ ಎಂದು ಅಂಗಡಿಯವರಿಗೆ ಅಳುಕು. ಹಾಗಾಗಿ ಬಾಡಿಗೆ ಲಾರಿಯಲ್ಲಿ ಕಳಿಸು, ನೀನು ಮನೆ ಕಡೆ ಬರಬೇಡ ಎಂದಿದ್ದರು. "ಈ ಮಾತು ನನ್ನ ಬಾಯಿಂದ ಬರಲ್ಲ, ನಿನ್ನ ಬಾಯಿಂದಲೂ ಬರಕೂಡದು ಅಂತ ಮಾತು ತಗೊಂಡಿದ್ರು ಅತ್ತಿಗೆ. ಅವರಿದ್ದಿದ್ರೆ ಬಿಡಿಸ್ಕೋಬಹುದಿತ್ತು. ಹೋದವರಿಗೆ ಕೊಟ್ಟ ಮಾತು ಯಾರ ಹತ್ತಿರ ಬಿಡಿಸ್ಕೊಳ್ಳಲಿ?"

ಅವನನ್ನು ಸುಳ್ಳ ಎಂದಿದ್ದ ನಾನು ಈಗ ನೆಲ ನೋಡಿದೆ. ಅಂಗಡಿಯಮ್ಮನ ಮುಖ ನೋಡಲು ಆಗಲಿಲ್ಲ. ಕೇಸಿನಲ್ಲಿ ಅವನು ಗೆದ್ದಿದ್ದ. ಆದರೆ ಅವರ ಕಣ್ಣೆದುರಿಗಿದ್ದ ಬೀರು ಒಂದೇ ಕ್ಷಣದಲ್ಲಿ ಬರೀ ಮರವಾಗಿಬಿಟ್ಟಿತ್ತು. "ನಗದು ಅಂದ್ರಲ್ಲ," ಎಂದರು ಆಕೆ. ದನಿ ತುಂಬ ಸಣ್ಣಗಿತ್ತು. "ನನ್ನ ಹತ್ತಿರ ಸುಳ್ಳು ಹೇಳಿದ್ರಾ ಅವರು?"

ಇಂಥ ಜಾಗದಲ್ಲಿ ನಾನಾಗಿದ್ದರೆ ಹೌದು ಎಂದುಬಿಡುತ್ತಿದ್ದೆ. ಹೋಗ್ಲಿ ಬಿಡಿ ಎನ್ನುತ್ತಾರೆ ಎಂದು ಅತ್ತೆಯ ಬಾಯಿ ನೋಡಿದೆ. ಅನ್ನಲಿಲ್ಲ. ಎದ್ದು ಹೋಗಿ ಮಂಚದ ಅಂಚಿನಲ್ಲಿ, ಆಕೆಯ ಪಕ್ಕದಲ್ಲಿ, ಅದೇ ಬೀರುವಿನ ಕಡೆಗೆ ಮುಖ ಮಾಡಿ ಕೂತರು.

"ಎಲ್ಲಿ ಸುಳ್ಳು? ಇವನಿಗೆ ದುಡ್ಡು ಕೊಟ್ಟದ್ದು ನಿಮ್ಮ ಯಜಮಾನರು ತಾನೇ? ಹೇಗೆ ಕೊಟ್ಟರು, ಚೆಕ್ಕಲ್ಲಾ?"

"ಇಲ್ಲ. ನಗದು. ಮನೇಲೇ ಎಣಿಸಿದ್ರು."

"ಮತ್ತೆ? ದುಡ್ಡು ಮೊದಲು ಹೋಯ್ತು, ಬೀರು ಆಮೇಲೆ ಬಂತು. ನಗದು ಕೊಟ್ಟೇ ತಂದಿದ್ದಾರಮ್ಮ. ತರೋದು ಸ್ವಲ್ಪ ತಡ ಆಯ್ತು, ಅಷ್ಟೇ."

ಅಂಗಡಿಯಮ್ಮ ಬಹಳ ಹೊತ್ತು ಕನ್ನಡಿಯನ್ನೇ ನೋಡಿದರು. ಆಮೇಲೆ, "ಆ ಖಾನೇಲಿ ಏನಿದೆ ನೋಡು" ಎಂದು ಬಡಗಿಗೆ ಹೇಳಿದರು. ಅವನು ಎಳೆದು ತಂದು ಮಂಚದ ಮೇಲಿಟ್ಟ. ಒಂದು ಹಳೆಯ ಕನ್ನಡಕ, ಎರಡು ಮುರಿದ ಬೀಗ, ಮತ್ತೆ ಅರ್ಧ ಖಾಲಿಯಾದ ಪೆಪ್ಪರ್‌ಮಿಂಟ್ ಪೊಟ್ಟಣ.

"ಸಕ್ಕರೆ ಕಾಯಿಲೆ ಇತ್ತು ಮೇಡಂ ಅವರಿಗೆ," ಎಂದರು ಆಕೆ. "ಬಿಟ್ಟಿದ್ದೀನಿ ಅಂತ ನನ್ನ ತಲೆ ಮುಟ್ಟಿ ಹೇಳಿದ್ರು." ನಗು ಬಂತು, ನಗುತ್ತಿದ್ದಂತೆಯೇ ಅಳು ಬಂತು, ಎರಡನ್ನೂ ಸೆರಗಿನಲ್ಲಿ ಒರೆಸಿಕೊಂಡರು. "ನಾಳೆ ಆ ಉಳಿಯವನಿಗೆ ಬರಬೇಡ ಅಂತೀನಿ. ಆ ಗೂಟ ಎಲ್ಲಿದೆ ಅಂತ ನನಗೂ ತೋರಿಸಿಕೊಡು. ಈಗಲ್ಲ, ಕಾಲು ಸರಿಯಾದ ಮೇಲೆ ಬಾ."

"ಬರ್ತೀನಿ ಅತ್ತಿಗೆ," ಎಂದ ಬಡಗಿ. ಈ ಸಲ ಆಕೆ ಅತ್ತಿಗೆ ಅನ್ನಬೇಡ ಎನ್ನಲಿಲ್ಲ.

ಕೇಸು ಹಿಂದಕ್ಕೆ ಪಡೆಯುವ ದಿನ ನಾನು ರಜೆ ಹಾಕಿದೆ. ಅಂಗಡಿಯಮ್ಮನನ್ನು ಆಟೋದಲ್ಲಿ ಕರೆತಂದು, ಊರುಗೋಲಿನ ಜೊತೆಗೆ ನನ್ನ ಹೆಗಲನ್ನೂ ಕೊಟ್ಟು ಮೆಟ್ಟಿಲು ಹತ್ತಿಸಿದೆ. ಚೀಟಿಗೆ ಸಹಿ ಹಾಕಿದ ಕೈಗೆ ಅಷ್ಟಾದರೂ ಕೆಲಸ ಬೇಕಿತ್ತು. ಒಳಗೆ ಹೋಗುವ ಮೊದಲು ಅತ್ತೆ ಆಕೆಗೆ ಪಾಠ ಹೇಳಿಕೊಟ್ಟರು. "ರಾಜಿ ಆಗಿದೆ, ಬರಬೇಕಾದ್ದು ಬಂದಿದೆ ಅಂತಷ್ಟೇ ಹೇಳಿ. ಮೇಲೊಂದು ಮಾತು ಬೇಡ." ಆಕೆ ತಲೆಯಾಡಿಸಿದರು. ಬಡಗಿ ಗೋಡೆಯ ಪಕ್ಕ ನಿಂತು ಕೋರ್ಟಿನ ಬೆಂಚೊಂದರ ಅಲುಗುವ ಕಾಲನ್ನು ನೋಡುತ್ತಿದ್ದ.

ನ್ಯಾಯಾಧೀಶರು ಕಡತ ತಿರುವಿ ತಲೆ ಎತ್ತಿದರು. "ಏನಮ್ಮ, ಯಾರ ಒತ್ತಾಯವೂ ಇಲ್ಲ ತಾನೇ? ಹಣ ಪೂರ್ತಿ ಬಂದಿದೆಯಾ?"

"ಬಂದಿದೆ ಸಾರ್."

"ಯಾವಾಗ ಬಂತು?"

ಅತ್ತೆ ಕೆಮ್ಮಿದರು. ಆಕೆ ಅತ್ತ ನೋಡಲೇ ಇಲ್ಲ.

"ಅವರು ಇರೋವಾಗ್ಲೇ ಬಂದಿತ್ತು ಸಾರ್," ಎಂದರು ಅಂಗಡಿಯಮ್ಮ. "ದಿನಾ ಅದರ ಮುಂದೇನೇ ನಿಂತು ತಲೆ ಬಾಚ್ಕೊಳ್ತಿದ್ದೆ. ನನಗೆ ಗೊತ್ತಿರಲಿಲ್ಲ."